ಏಳನೇ ಪಾಠದ ಕೋಡ್ ಸರಿಪಡಿಸಿ: ಒಂದು ದೂರು

ಗೆ,
ಗ್ರಾಹಕ ಸೇವಾ ವಿಭಾಗ,
ಆನ್‌ಲೈನ್ ಗೇಮ್ ಕೋಡಿಂಗ್ ಕೋರ್ಸ್

ವಿಷಯ: ಏಳನೇ ಪಾಠದಲ್ಲಿ ಸ್ಪ್ರೈಟ್ (ಆಟದ ಪರದೆಯ ಮೇಲೆ ಚಲಿಸುವ ಚಿತ್ರ) ಓಡಿಸುವ ಕೋಡ್ ತಪ್ಪಾಗಿರುವ ಬಗ್ಗೆ

ಮಾನ್ಯರೇ,

ನಾನು ಹಾಸನದಲ್ಲಿ ಸಂಜೆ ಹೊತ್ತು ಮನೆಯಲ್ಲೇ ಹೈಸ್ಕೂಲ್ ಮಕ್ಕಳಿಗೆ ಕಂಪ್ಯೂಟರ್ ಹೇಳಿಕೊಡುತ್ತೇನೆ. ಪೈಥಾನ್ ಭಾಷೆಯಲ್ಲಿ ಆಟ ಬರೆಯಲು ಬಳಸುವ ಪೈಗೇಮ್ ಅನ್ನು ಕನ್ನಡದಲ್ಲೇ ಕಲಿಸುವ ಕೋರ್ಸ್ ಅಂತ ಖುಷಿಯಿಂದ 1,800 ರೂಪಾಯಿ ಕಟ್ಟಿದೆ. ಮೊದಲ ಆರು ಪಾಠ ನಿಜಕ್ಕೂ ಚೆನ್ನಾಗಿವೆ.

ನನ್ನಲ್ಲಿ ಕಲಿಯುವ ಒಂಬತ್ತನೇ ತರಗತಿ ಹುಡುಗಿಯೊಬ್ಬಳು ಬೇಲೂರು ದೇವಸ್ಥಾನದ ಸಳನನ್ನು ನೋಡಿಕೊಂಡು ಬಂದು, ಒಂದೊಂದೇ ಚೌಕಕ್ಕೆ ಬಣ್ಣ ತುಂಬಿ ಸ್ಪ್ರೈಟ್ ಮಾಡಿದಳು. ನಡಿಗೆಗೇ ನಾಲ್ಕು ಚಿತ್ರ. ನೀವು ಹೇಳಿದಂತೆ, ಆಟ ನಡೆಯುವಷ್ಟೂ ಹೊತ್ತು ಮತ್ತೆ ಮತ್ತೆ ಓಡುವ ಲೂಪ್‌ನ ಪ್ರತಿ ಸುತ್ತಿಗೂ ಸಳನ ಸ್ಥಾನಕ್ಕೆ 5 ಪಿಕ್ಸೆಲ್ ಸೇರಿಸಿದಳು. ನನ್ನ ಹಳೇ ಡೆಸ್ಕ್‌ಟಾಪ್‌ನಲ್ಲಿ ಸಳ ಸಲೀಸಾಗಿ ನಡೆದ. ಅದನ್ನೇ ಪೆನ್‌ಡ್ರೈವ್‌ನಲ್ಲಿ ಒಯ್ದು ಅಣ್ಣನ ಹೊಸ ಲ್ಯಾಪ್‌ಟಾಪ್‌ನಲ್ಲಿ ಹಾಕಿದಳು. ಬಾಣದ ಕೀ ಮುಟ್ಟಿದ್ದೇ ತಡ, ಸಳ ಪರದೆಯಿಂದಲೇ ಮಾಯ. ತನ್ನ ಚಿತ್ರವೇ ಸರಿಯಿಲ್ಲ ಅಂತ ಹುಡುಗಿ ಅತ್ತುಬಿಟ್ಟಳು.

ಚಿತ್ರದ ತಪ್ಪಲ್ಲ, ಕೋಡ್‌ನದು. 800 ಪಿಕ್ಸೆಲ್ ಅಗಲದ ಪರದೆ ದಾಟಲು 160 ಸುತ್ತು ಬೇಕು. ಸೆಕೆಂಡಿಗೆ 60 ಸುತ್ತು ಬಂದರೆ ಎರಡೂವರೆ ಸೆಕೆಂಡಿಗೂ ಜಾಸ್ತಿ ಹಿಡಿಯುತ್ತದೆ. ವೇಗದ ಕಂಪ್ಯೂಟರ್‌ನಲ್ಲಿ 600 ಸುತ್ತು ಬಂದರೆ ಕಣ್ಣು ಮಿಟುಕಿಸುವಷ್ಟರಲ್ಲಿ ಮುಗೀತು. ಸುತ್ತಿನ ವೇಗಕ್ಕೆ ಮಿತಿ ಹಾಕುವ ಕ್ಲಾಕ್ ಟಿಕ್‌ಗೆ 60 ಅಂತ ಕೊಟ್ಟರೆ ವೇಗದ ಕಂಪ್ಯೂಟರ್‌ಗೆ ಲಗಾಮು ಬೀಳುತ್ತದೆ ನಿಜ, ಆದರೆ ನಿಧಾನದ್ದು ನಿಧಾನವಾಗಿಯೇ ಉಳಿಯುತ್ತದೆ. ಹಾಗಾಗಿ ಸೆಕೆಂಡಿಗೆ 300 ಪಿಕ್ಸೆಲ್ ಅಂತ ಇಟ್ಟುಕೊಂಡು, ಹಿಂದಿನ ಸುತ್ತಿನಿಂದ ಎಷ್ಟು ಸಮಯ ಕಳೆಯಿತೋ ಅದರಿಂದ ಗುಣಿಸಬೇಕು. ಸ್ಥಾನವನ್ನೂ ದಶಮಾಂಶದಲ್ಲಿ ಬೇರೆಯಾಗಿ ಇಡಬೇಕು. ಚಿತ್ರದ ಸ್ಥಾನ, ಅಳತೆ ಇಟ್ಟುಕೊಳ್ಳುವ ರೆಕ್ಟ್ ಪೂರ್ಣಾಂಕ ಮಾತ್ರ ಹಿಡಿಯುತ್ತದೆ, ಅಲ್ವಾ? ಅದಕ್ಕೆ ಅರ್ಧ ಪಿಕ್ಸೆಲ್ ಸೇರಿಸುತ್ತಾ ಹೋದರೆ ಬಲಕ್ಕೆ ಹೊರಟ ಸಳ ನಿಂತಲ್ಲೇ ನಿಲ್ಲುತ್ತಾನೆ. ನಾವು ಇದರಲ್ಲೇ ಎರಡು ಸಂಜೆ ಕಳೆದೆವು.

ಎರಡು ಕೀ ಒಟ್ಟಿಗೆ ಒತ್ತಿದಾಗ ಓರೆಯಾಗಿ 5ರ ಬದಲು ಸುಮಾರು 7 ಪಿಕ್ಸೆಲ್ ಹೋಗುವುದನ್ನೂ ನೀವು ಹೇಳಿಲ್ಲ.

ಇದನ್ನೆಲ್ಲ ಬರೆದು ಕೇಳಿದರೆ, 'ನಿಮ್ಮ ಕಂಪ್ಯೂಟರ್ ಸಮಸ್ಯೆ, ಪೈಥಾನ್ ಮತ್ತೆ ಹಾಕಿಕೊಳ್ಳಿ' ಅಂತ ಒಂದೇ ಸಾಲಿನ ಉತ್ತರ ಬಂತು. ಪೂರ್ತಿ ಓದಿದ್ದರೆ ಹೀಗೆ ಬರೆಯುತ್ತಿರಲಿಲ್ಲ. ಇದರಿಂದ ನನಗೆ ತುಂಬಾ ಬೇಜಾರಾಯಿತು.

ದಯವಿಟ್ಟು 15 ದಿನದೊಳಗೆ ಆ ಪಾಠ ತಿದ್ದಿ, ಕೋರ್ಸ್ ಕೊಂಡ ಎಲ್ಲರಿಗೂ ತಿಳಿಸಿ. ಆಗದಿದ್ದರೆ ನನ್ನ ಹಣ ವಾಪಸ್ ಕೊಡಿ. ನನಗೆ ಬೇಕಿರುವುದು ಪಾಠವೇ. ಕನ್ನಡದಲ್ಲಿ ಇಂಥವು ಸಿಗುವುದೇ ಕಡಿಮೆ.

ಎರಡೂ ಕಂಪ್ಯೂಟರ್‌ನಲ್ಲಿ ತೆಗೆದ ವಿಡಿಯೊ ಮತ್ತು ನಾವು ತಿದ್ದಿದ ಕೋಡ್ ಇದರ ಜೊತೆ ಕಳಿಸಿದ್ದೇನೆ.

ಇಂತಿ ನಿಮ್ಮ ವಿಶ್ವಾಸಿ,
ಕೋರ್ಸ್ ಕೊಂಡ ಶಿಕ್ಷಕಿ, ಹಾಸನ