ಯಾರೂ ನುಡಿಸದ ಧಾಟಿ

ಪ್ರೀತಿಯ ಮಗಳೇ,

ಹೊಸ ಹೆಡ್‌ಫೋನ್‌ನಲ್ಲಿ ಮೊದಲು ಏನು ಕೇಳಲಿ ಎಂದು ಕೇಳಿದ್ದೆ. ಫೋನಿನಲ್ಲಿ ಹೇಳಿ ಮುಗಿಯುವ ಮಾತಲ್ಲ ಅದು. ರಷ್ಯಾದ ಸಂಗೀತ ರಚನಕಾರ ಚೈಕೋವ್‌ಸ್ಕಿ ದೊಡ್ಡ ವಾದ್ಯವೃಂದಕ್ಕೆಂದು ಬರೆದ ಆರನೆಯ ಸಿಂಫನಿ ಕೇಳು. ಅದರಲ್ಲೂ 1960ರಲ್ಲಿ ಲೆನಿನ್‌ಗ್ರಾಡ್ ಫಿಲ್‌ಹಾರ್ಮೋನಿಕ್ ವಾದ್ಯವೃಂದ ಮ್ರವಿನ್‌ಸ್ಕಿಯ ನಿರ್ದೇಶನದಲ್ಲಿ ನುಡಿಸಿದ ಧ್ವನಿಮುದ್ರಣವನ್ನೇ ಹುಡುಕಿಕೋ.

ಮೊದಲು ನೇರವಾಗಿ ಕೊನೆಯ ಭಾಗಕ್ಕೆ ಹೋಗು. ಆರಂಭದಲ್ಲೇ ಪಿಟೀಲುಗಳಿಂದ ಒಂದು ಧಾಟಿ ನಿಟ್ಟುಸಿರಿನಂತೆ ಮೇಲಿನಿಂದ ಇಳಿದು ಬರುತ್ತದೆ. ಅದನ್ನು ಒಮ್ಮೆ ಮನಸ್ಸಿಗೆ ತಂದುಕೋ. ಆಮೇಲೆ ಬಲಗಿವಿಯದನ್ನು ಸರಿಸಿ, ಎಡಗಿವಿಯಲ್ಲಷ್ಟೇ ಮತ್ತೆ ಕೇಳು. ಒಂದು ಸ್ವರ ಹತ್ತಿರ ಕೇಳಿಸಿದರೆ ಮುಂದಿನದು ದೂರ. ಧಾಟಿ ಪೂರ್ತಿ ಮಾಯವಾಗುವುದಿಲ್ಲ, ಸಭಾಂಗಣದ ಗಾಳಿಯಲ್ಲಿ ಎರಡು ಕಡೆಯ ನಾದವೂ ಬೆರೆತಿದೆ. ಆದರೆ ಅದರ ಹೊಲಿಗೆ ಬಿಚ್ಚಿಕೊಳ್ಳುತ್ತದೆ.

ಏಕೆಂದರೆ ಆ ಧಾಟಿಯನ್ನು ಅಲ್ಲಿ ಯಾರೂ ನುಡಿಸುತ್ತಿಲ್ಲ. ವಾದ್ಯವೃಂದದ ಪಿಟೀಲುಗಳಲ್ಲಿ ಮೊದಲನೆಯವು, ಎರಡನೆಯವು ಎಂದು ಎರಡು ಗುಂಪುಗಳಿರುತ್ತವೆ. ಚೈಕೋವ್‌ಸ್ಕಿ ಅದರ ಒಂದು ಸ್ವರವನ್ನು ಎರಡನೆಯ ಪಿಟೀಲುಗಳಿಗೆ, ಮುಂದಿನದನ್ನು ಮೊದಲನೆಯವಕ್ಕೆ ಹೀಗೆ ಹಂಚಿಬಿಟ್ಟಿದ್ದಾನೆ. ಯಾವ ಗುಂಪನ್ನು ಒಂಟಿಯಾಗಿ ಕೇಳಿದರೂ ಸೊಟ್ಟಸೊಟ್ಟ ಸ್ವರಗಳೇ. ಕೂಡಿಸುವುದು ನಮ್ಮ ಕಿವಿ. ಇಂದು ಎರಡೂ ಗುಂಪುಗಳನ್ನು ಎಡಗಡೆಯೇ ಕೂರಿಸುವುದು ಹೆಚ್ಚು. ಆಗ ಈ ಕೊಡುಕೊಳ್ಳುವಿಕೆ ಗೊತ್ತೇ ಆಗುವುದಿಲ್ಲ. ಮ್ರವಿನ್‌ಸ್ಕಿ ಹಳೆಯ ಪದ್ಧತಿಯಂತೆ ಒಂದನ್ನು ಎಡಕ್ಕೆ, ಇನ್ನೊಂದನ್ನು ಬಲಕ್ಕೆ ಕೂರಿಸುತ್ತಿದ್ದ. ಸ್ಟೀರಿಯೊ ಧ್ವನಿಮುದ್ರಣ ಅದನ್ನು ಹಾಗೇ ಉಳಿಸಿಕೊಟ್ಟಿದೆ. ಹಿನ್ನೆಲೆಯಲ್ಲಿ ಟೇಪಿನ ಸುಯ್ಯೆನ್ನುವ ಸದ್ದು ಇದ್ದೇ ಇದೆ. ಎಷ್ಟೋ ನುಣುಪಾದ ಹೊಸ ಡಿಜಿಟಲ್ ಪ್ರತಿಗಳಿಗಿಂತ ನನಗೆ ಇದೇ ನಿಜವೆನಿಸುತ್ತದೆ. ಮುಂದೆ ಅದೇ ಧಾಟಿ ಮರಳಿ ಬಂದಾಗ ಮೊದಲನೆಯ ಪಿಟೀಲುಗಳೇ ಪೂರ್ತಿ ನುಡಿಸುತ್ತವೆ. ಒಡೆದದ್ದು ಒಂದಾಗುವ ಆ ಜಾಗದಲ್ಲಿ ನನಗೆ ಪ್ರತಿ ಸಲವೂ ಗಂಟಲು ಕಟ್ಟುತ್ತದೆ.

ಮೊದಲ ಭಾಗದ ನಡುವೆ ಒಂದೆಡೆ ಎಚ್ಚರವಿರಲಿ. ಮೆತ್ತಗೆ ನುಡಿಸಿರೆಂಬ ಗುರುತಾದ ‘ಪಿ’ ಅಕ್ಷರವನ್ನು ಚೈಕೋವ್‌ಸ್ಕಿ ಬಸೂನ್ ಎಂಬ ಮಂದ್ರದ ಊದುವಾದ್ಯಕ್ಕೆ ಆರು ಸಲ ಬರೆದಿದ್ದಾನೆ. ಕೇಳಿಸುತ್ತಿಲ್ಲವೆಂದು ವಾಲ್ಯೂಮ್ ಏರಿಸಬೇಡ. ಮರುಗಳಿಗೆಯಲ್ಲೇ ಇಡೀ ವಾದ್ಯವೃಂದ ಸಿಡಿಯುತ್ತದೆ.

1893ರ ಅಕ್ಟೋಬರ್ 28ರಂದು ಸೇಂಟ್ ಪೀಟರ್ಸ್‌ಬರ್ಗಿನಲ್ಲಿ ಇದರ ಮೊದಲ ಪ್ರದರ್ಶನವನ್ನು ಅವನೇ ನಡೆಸಿಕೊಟ್ಟ. ನವೆಂಬರ್ 6ರಂದು ತೀರಿಕೊಂಡ. ಹಾಗಾಗಿ ಇದನ್ನು ಸಾವಿನ ಮುನ್ಸೂಚನೆ ಎಂದು ಬಣ್ಣಿಸುವವರಿದ್ದಾರೆ. ಆ ಕಥೆಗಳನ್ನು ಪಕ್ಕಕ್ಕಿಟ್ಟು ಕೇಳು. ಕೊನೆಯ ಹತ್ತಿರ ದೊಡ್ಡ ಜಾಗಟೆಗೆ ಒಂದೇ ಒಂದು ಮೆಲುವಾದ ಪೆಟ್ಟು ಬೀಳುತ್ತದೆ, ಇಡೀ ಸಿಂಫನಿಗೆ ಅದೊಂದೇ. ಆ ನಾದ ಆರುತ್ತಿದ್ದಂತೆ ಟ್ರಾಂಬೋನ್ ಎಂಬ ಹಿತ್ತಾಳೆಯ ಊದುವಾದ್ಯಗಳು ಮೆಲ್ಲಗೆ ದನಿಗೂಡುತ್ತವೆ. ಕಡೆಗೆ ಪಿಟೀಲಿನ ಜಾತಿಯ ದೊಡ್ಡ ವಾದ್ಯಗಳಾದ ಚೆಲ್ಲೊ, ಡಬಲ್ ಬಾಸ್‌ಗಳು ಮಂದ್ರದಲ್ಲಿ ಕರಗಿಹೋಗುತ್ತವೆ. ಆಮೇಲೆ ಒಂದು ನಿಮಿಷ ಹೆಡ್‌ಫೋನ್ ತೆಗೆಯಬೇಡ.

ರಜೆಗೆ ಬಂದಾಗ ಮನೆಯ ಸ್ಪೀಕರುಗಳಲ್ಲೂ ಕೇಳೋಣ. ಎರಡರ ನಡುವೆ ಸರಿಯಾದ ಜಾಗದಲ್ಲಿ ಒಂದೇ ಕುರ್ಚಿ ಹಿಡಿಸುತ್ತದೆ. ಅದು ನಿನಗೆ.

ನಿನ್ನ ಅಪ್ಪ