ತಲೆ ಲೆಕ್ಕ ಸಾಕು, ಇನ್ನು ತೂಕದ ಲೆಕ್ಕ ಇಡೋಣ

ಮಾನ್ಯರೇ,

ಕರಾವಳಿಯಲ್ಲಿ ಆಡು ಸಾಕಣೆಯ ಮಾತು ಬಂದಾಗಲೆಲ್ಲ ತಲೆ ಲೆಕ್ಕವೇ ಮುಂದೆ ಬರುತ್ತದೆ. 2019ರ ಜಾನುವಾರು ಗಣತಿಯಂತೆ ರಾಜ್ಯದಲ್ಲಿ ಸುಮಾರು 1.1 ಕೋಟಿ ಕುರಿ, 61 ಲಕ್ಷ ಆಡುಗಳಿದ್ದವು. ಆದರೆ ಮಾರಿದ ಒಂದೊಂದು ಆಡಿನಲ್ಲಿ ಎಷ್ಟು ಕೆ.ಜಿ. ಮಾಂಸ ಸಿಕ್ಕಿತೆಂದು ಕೇಳಿದರೆ, ಸಾಕಿದವರಲ್ಲೇ ಉತ್ತರವಿಲ್ಲ.

ಈ ವಿಷಯದಲ್ಲಿ ಐಸ್‌ಲ್ಯಾಂಡನ್ನು ನೋಡಬೇಕು. ಇಡೀ ದೇಶದ ಜನಸಂಖ್ಯೆ ಮಂಗಳೂರು ನಗರದ್ದಕ್ಕಿಂತ ಕಡಿಮೆ. 1970ರ ದಶಕದ ಕೊನೆಗೆ ಅಲ್ಲಿ ಚಳಿಗಾಲದಲ್ಲಿ ಸಾಕುತ್ತಿದ್ದ ಕುರಿಗಳು ಸುಮಾರು 9 ಲಕ್ಷ ಇದ್ದವು, ಈಗ 4 ಲಕ್ಷಕ್ಕೂ ಕಡಿಮೆ. ಮಾಂಸದ ಉತ್ಪಾದನೆಯೂ ಇಳಿದಿದೆ ನಿಜ, ಆದರೆ ಕುರಿಗಳಷ್ಟು ಇಳಿದಿಲ್ಲ. ಅಂದರೆ ತಾಯಿ ಕುರಿಯೊಂದರ ಲೆಕ್ಕದಲ್ಲಿ ಮಾಂಸ ಹೆಚ್ಚಾಗಿದೆ. ಮೇ ತಿಂಗಳಲ್ಲಿ ಹುಟ್ಟಿದ ಮರಿಗೆ ಗುರುತಿನ ಸಂಖ್ಯೆಯ ಕಿವಿಯೋಲೆ ಹಾಕುತ್ತಾರೆ. ಬೇಸಿಗೆಯಿಡೀ ಗುಡ್ಡದಲ್ಲಿ ಮೇದು, ಸೆಪ್ಟೆಂಬರ್–ಅಕ್ಟೋಬರಿನಲ್ಲಿ, ನಾಲ್ಕೈದು ತಿಂಗಳ ಪ್ರಾಯದಲ್ಲೇ ಕಸಾಯಿಖಾನೆಗೆ ಹೋಗುತ್ತದೆ. ಚರ್ಮ, ಕರುಳು ತೆಗೆದು ನೇತುಹಾಕಿದ ಮಾಂಸ ಸರಾಸರಿ 16–17 ಕೆ.ಜಿ. ತೂಗುತ್ತದೆ. ಮೈಕಟ್ಟಿಗೆ ಒಂದು ದರ್ಜೆ, ಕೊಬ್ಬಿಗೆ ಇನ್ನೊಂದು. ಈ ತೂಕ, ದರ್ಜೆಗಳೆಲ್ಲ ಸಾಕಿದವರ ಕೈಗೆ ಮರಳಿ ಬರುತ್ತವೆ. ಯಾವ ತಾಯಿಯ ಮರಿ ಚೆನ್ನಾಗಿ ತೂಗಿತು, ಯಾವ ಟಗರನ್ನು ಉಳಿಸಿಕೊಳ್ಳಬೇಕು ಎಂಬುದು ಅದರಿಂದಲೇ ತೀರ್ಮಾನವಾಗುತ್ತದೆ.

ನಮ್ಮಲ್ಲಿ ವ್ಯಾಪಾರ ಹೆಚ್ಚಾಗಿ ಕಣ್ಣಂದಾಜಿನದು. ಬೆನ್ನು ಹಿಡಿದು ನೋಡಿ ದರ ಹೇಳುತ್ತಾರೆ. ಅತ್ತ ಬಕ್ರೀದ್ ಸಮಯದಲ್ಲಿ ಉಪ್ಪು ತಿನ್ನಿಸಿ ನೀರು ಕುಡಿಸಿದ ಹೋತ ಎರಡು ಮೂರು ಕೆ.ಜಿ. ಹೆಚ್ಚು ತೂಗುತ್ತದೆ. ಕೊಂಡವರಿಗೆ ಅದು ಶುದ್ಧ ಮೋಸ.

ತಕ್ಕಡಿ ಇಲ್ಲದಿದ್ದರೂ ದರ್ಜಿಯ ಟೇಪು ಸಾಕು. ಬೆಳಿಗ್ಗೆ ಮೇವು, ನೀರು ಕೊಡುವ ಮೊದಲು ಆಡನ್ನು ಸಮನೆಲದಲ್ಲಿ ನಿಲ್ಲಿಸಿ. ಮುಂಗಾಲಿನ ಹಿಂದುಗಡೆಯಿಂದ ಟೇಪು ಸುತ್ತಿ ಎದೆಯ ಸುತ್ತಳತೆ ತೆಗೆಯಿರಿ. ಹೊಟ್ಟೆಯ ಸುತ್ತ ಅಳೆಯಬೇಡಿ, ಅದು ಮೇವು ನೀರಿಗೆ ಉಬ್ಬುತ್ತದೆ. ಆಮೇಲೆ ಭುಜದ ಮುಂತುದಿಯಿಂದ ಬಾಲದ ಪಕ್ಕದ ಮೂಳೆಯವರೆಗೆ ಉದ್ದ ಅಳೆಯಿರಿ. ಎರಡೂ ಇಂಚಿನಲ್ಲಿರಲಿ. ಸುತ್ತಳತೆಯನ್ನು ಅದರಿಂದಲೇ ಗುಣಿಸಿ, ಮತ್ತೆ ಉದ್ದದಿಂದ ಗುಣಿಸಿ, 660ರಿಂದ ಭಾಗಿಸಿದರೆ ಕೆ.ಜಿ. ಲೆಕ್ಕ ಸಿಗುತ್ತದೆ. ಎದೆ 28, ಉದ್ದ 26 ಇದ್ದರೆ ಸುಮಾರು 31 ಕೆ.ಜಿ. ಅದರಲ್ಲಿ ಮೂಳೆ ಸಹಿತ ಮಾಂಸ ಹೆಚ್ಚುಕಡಿಮೆ 14 ಕೆ.ಜಿ. ಟೇಪು ಸಡಿಲವಾಗಿದ್ದರೆ ಅಥವಾ ಆಡು ತಲೆ ಬಗ್ಗಿಸಿ ನಿಂತಿದ್ದರೆ ಲೆಕ್ಕ ತಪ್ಪುತ್ತದೆ, ಎರಡು ಸಲ ಅಳೆಯುವುದು ಒಳ್ಳೆಯದು. ಗಬ್ಬದ ಆಡಿಗೆ ಈ ಲೆಕ್ಕ ಹೊಂದುವುದಿಲ್ಲ.

ಇದನ್ನು ತಿಂಗಳಿಗೊಮ್ಮೆ ಬರೆದಿಟ್ಟರೆ ಆಟಿಯ (ಜುಲೈ–ಆಗಸ್ಟ್) ಮಳೆಯಲ್ಲಿ ಆಡು ಎಲ್ಲಿ ಸೊರಗಿತು ಎಂಬುದೂ ಕಾಣುತ್ತದೆ. ಮೇಯುತ್ತಿದ್ದರೂ ತೂಕ ಇಳಿಯುತ್ತಿದ್ದರೆ ಕೆಳರೆಪ್ಪೆ ಬಿಡಿಸಿ ನೋಡಿ. ಕೆಂಪು ಹೋಗಿ ಬಿಳಿಚಿದ್ದರೆ ರಕ್ತ ಹೀರುವ ಜಂತು ಇರುವ ಸಂಭವ ಹೆಚ್ಚು. ಆಡುಗಳು ನಿಲ್ಲುವ ಅಡಿಕೆ ದಬ್ಬೆಯ ಅಟ್ಟ ನೆಲದಿಂದ ಮೂರು ನಾಲ್ಕು ಅಡಿ ಎತ್ತರದಲ್ಲಿರಲಿ. ದಬ್ಬೆಗಳ ನಡುವೆ ಒಂದರಿಂದ ಒಂದೂವರೆ ಸೆಂ.ಮೀ. ಸಂದು ಬೇಕು: ಹೆಚ್ಚಾದರೆ ಮರಿಯ ಕಾಲು ಸಿಕ್ಕುತ್ತದೆ, ಕಡಿಮೆಯಾದರೆ ಹಿಕ್ಕೆ ಉಳಿದು ಗೊರಸು ಕೊಳೆಯುತ್ತದೆ. ಪಿಪಿಆರ್ (ಆಡುಗಳ ಪ್ಲೇಗ್) ಮತ್ತು ಕರುಳುಬೇನೆಯ ಲಸಿಕೆಗಳು ಮಳೆಗೆ ಮುಂಚೆಯೇ ಮುಗಿಯಲಿ.

ಘಟ್ಟದ ಮೇಲಿಂದ ಬರುವ ಹೊಸ ಆಡುಗಳನ್ನು ಮೂರು ವಾರ ಬೇರೆಯೇ ಕಟ್ಟಬೇಕು. ಐಸ್‌ಲ್ಯಾಂಡ್ 1933ರಲ್ಲಿ ಜರ್ಮನಿಯಿಂದ ತರಿಸಿದ ಕೆಲವೇ ಕರಾಕುಲ್ ಕುರಿಗಳ ಜೊತೆ ಶ್ವಾಸಕೋಶದ ರೋಗವೂ ಬಂತು. ಅದನ್ನು ತೊಲಗಿಸಲು ಲಕ್ಷಾಂತರ ಕುರಿಗಳನ್ನು ಕಡಿಯಬೇಕಾಯಿತು.

ಮಂಗಳೂರು, ಉಡುಪಿಯ ಕಸಾಯಿಖಾನೆಗಳಲ್ಲಿ ನೇತುಹಾಕುವ ತಕ್ಕಡಿ ಇಟ್ಟು, ಕಿವಿಯೋಲೆಯ ಸಂಖ್ಯೆಯ ಎದುರು ಮಾಂಸದ ತೂಕ ಬರೆದು, ಸಾಕಿದವರಿಗೆ ಒಂದು ಚೀಟಿ ಕೊಡುವ ವ್ಯವಸ್ಥೆಯನ್ನು ಸ್ಥಳೀಯ ಸಂಸ್ಥೆಗಳೂ ಪಶುಪಾಲನಾ ಇಲಾಖೆಯೂ ಸೇರಿ ಆರಂಭಿಸಬೇಕು.

– ಆಡು ಸಾಕಣೆದಾರರು, ಕಾರ್ಕಳ