ಹೊಸ ಚಪ್ಪಲಿಯಿಂದ ಶುರು ಮಾಡು

ಪ್ರೀತಿಯ ತಂಗಿ,

ನಿನ್ನ ಕತೆ ಎರಡು ಸಲ ಓದಿದೆ. ಮಾರಾಟವಾದ ಆ ಹುಡುಗಿ ನಿನ್ನನ್ನು ನಿಜವಾಗಿ ಕಾಡಿದ್ದಾಳೆ. ಆದರೆ ಹೊಡೆತ, ರಕ್ತ, ಕಿರುಚಾಟ ಜಾಸ್ತಿ ಆಯಿತು. ಮೂರನೇ ಪುಟಕ್ಕೆ ನನ್ನ ಮನಸ್ಸು ಮರಗಟ್ಟಿತು.

ತಿದ್ದುವ ಮೊದಲು ಒಂದು ಹಳೇ ಜಪಾನಿ ಸಿನಿಮಾ ನೋಡು. ಕೆಂಜಿ ಮಿಜೊಗುಚಿ 1954ರಲ್ಲಿ ಮಾಡಿದ ‘ಸಾನ್ಶೊ ದಾಯು’. ಸುಮಾರು ಸಾವಿರ ವರ್ಷದ ಹಿಂದಿನ ಕತೆ. ಗಡೀಪಾರಾದ ಗಂಡನನ್ನು ಸೇರಲು ತಾಯಿಯೊಬ್ಬಳು ಮಕ್ಕಳೊಂದಿಗೆ ಹೊರಟಿದ್ದಾಳೆ. ದಾರಿಯಲ್ಲಿ ದೇವರ ಸೇವೆಯ ಹೆಂಗಸೊಬ್ಬಳು ಕರೆದು ರಾತ್ರಿ ತಂಗಲು ಜಾಗ ಕೊಡುತ್ತಾಳೆ. ಬೆಳಿಗ್ಗೆ ದೋಣಿ ಗೊತ್ತು ಮಾಡುವವಳೂ ಅವಳೇ. ಆ ದೋಣಿಯೇ ಮೋಸ: ಮಾರಾಟವಾಗಿ ತಾಯಿ ಸಾಡೊ ದ್ವೀಪದ ವೇಶ್ಯಾವಾಟಿಕೆಗೆ, ಮಕ್ಕಳು ಸಾನ್ಶೊ ಎಂಬುವನ ಜೀತಕ್ಕೆ. ನಿನ್ನ ಕತೆಯ ದಲ್ಲಾಳಿ ಬಂದ ಕೂಡಲೇ ಕಣ್ಣು ಕೆಂಪಗೆ ಮಾಡುತ್ತಾನೆ. ಅಂಥವನ ಹಿಂದೆ ಯಾರು ಹೋಗುತ್ತಾರೆ, ಹೇಳು?

ವರ್ಷಗಳು ಉರುಳಿದ ಮೇಲೆ ಅಣ್ಣ ಜುಶಿಯೊನನ್ನು ನೋಡು. ತಪ್ಪಿಸಿಕೊಳ್ಳಲು ಹೋದ ಮುದುಕನ ಹಣೆಗೆ ಯಜಮಾನ ಹೇಳಿದನೆಂದು ಕಾದ ಕಬ್ಬಿಣದಿಂದ ಬರೆ ಹಾಕುತ್ತಾನೆ. ಜೀತ ಅವನ ಒಳಗೂ ಹೊಕ್ಕಿದೆ. ನನ್ನ ಎದೆ ಒಡೆದದ್ದು ಅಲ್ಲೇ. ನಿನ್ನ ಹುಡುಗಿ ಮೊದಲಿನಿಂದ ಕೊನೆತನಕ ಬರೀ ಅಳುತ್ತಾಳೆ. ಅವಳೊಳಗೆ ಏನು ಕೆಟ್ಟಿತು, ಏನು ಉಳಿಯಿತು, ಅದನ್ನು ಬರೆ.

ಆಮೇಲೊಂದು ದಿನ, ಸಾಯಲೆಂದು ಹೊರಗೆ ಹಾಕಿದ ಹೆಂಗಸಿಗೆ ನೆರಳು ಮಾಡಲು ಅಣ್ಣ ತಂಗಿ ಕೊಂಬೆ ಮುರಿಯುತ್ತಾರೆ. ಜಗ್ಗಿದ ರಭಸಕ್ಕೆ ಇಬ್ಬರೂ ಬೀಳುತ್ತಾರೆ. ಚಿಕ್ಕವರಿದ್ದಾಗ, ಅಮ್ಮ ಜೊತೆಗಿದ್ದಾಗ, ಹೀಗೇ ಬಿದ್ದಿದ್ದರು. ಅವನು ಮತ್ತೆ ಮನುಷ್ಯನಾಗಲು ಅಷ್ಟು ಸಾಕಾಯಿತು.

ಅಣ್ಣ ಓಡಿಹೋಗಲೆಂದು ತಂಗಿ ಅಂಜು ಹಿಂದೆ ಉಳಿಯುತ್ತಾಳೆ. ಹಿಂಸೆ ಕೊಟ್ಟರೆ ಬಾಯಿ ಬಿಟ್ಟೇನು ಎಂಬ ಭಯದಿಂದ ನೀರಿಗೆ ಇಳಿಯುತ್ತಾಳೆ. ಛಾಯಾಗ್ರಾಹಕ ಕಜುವೊ ಮಿಯಾಗಾವಾರ ಕ್ಯಾಮೆರಾ ದೂರದಲ್ಲೇ ನಿಂತಿರುತ್ತದೆ. ಅವಳು ಮುಳುಗುವುದು ನಮಗೆ ಕಾಣಿಸುವುದಿಲ್ಲ. ಮತ್ತೆ ನೋಡಿದಾಗ ನೀರಿನ ಮೇಲೆ ಬಳೆ ಬಳೆಯಾಗಿ ಅಲೆ, ಅಷ್ಟೇ.

ಮಿಜೊಗುಚಿಯ ಸ್ವಂತ ಅಕ್ಕನನ್ನೇ ಬಡತನದಲ್ಲಿ ದತ್ತು ಕೊಟ್ಟಿದ್ದರು. ಆಕೆ ಮುಂದೆ ಗೇಶಾ ಆದಳು, ಅಂದರೆ ಹಾಡಿ ಕುಣಿದು ಅತಿಥಿಗಳನ್ನು ರಂಜಿಸುವವಳು. ಅಷ್ಟು ಹತ್ತಿರದ ನೋವಿದ್ದವನು ಕ್ಯಾಮೆರಾವನ್ನು ಅಷ್ಟು ದೂರ ಇಟ್ಟ. ಇದನ್ನು ನಾನು ಇಷ್ಟು ವರ್ಷವಾದರೂ ಮರೆತಿಲ್ಲ.

ನಿನ್ನ ಕೊನೆಯ ಪುಟದ ಆ ರಾತ್ರಿ ತೆಗೆದುಬಿಡು. ಎರಡನೇ ಪುಟದಲ್ಲಿ ಹುಡುಗಿ ಬಸ್ಸಿನಲ್ಲಿ ಹೊಸ ಚಪ್ಪಲಿಯನ್ನು ಮಡಿಲಲ್ಲಿ ಇಟ್ಟುಕೊಂಡು ಕೂತಿರುತ್ತಾಳಲ್ಲ, ಕೊಳೆ ಆಗಬಾರದು ಅಂತ? ಅದನ್ನು ಕೊಡಿಸಿದವನು ದಲ್ಲಾಳಿಯೇ, ಅಲ್ವಾ? ಅಲ್ಲಿಂದ ಮತ್ತೆ ಬರೆ. ದಸರೆಯೊಳಗೆ ಕಳಿಸು, ಕಾಯುತ್ತಿರುತ್ತೇನೆ.

ನಿನ್ನ ಅಕ್ಕ